ಸ್ಕೇಲ್ ಟೂಲ್ ಮುಟ್ಟಬೇಡಿ: ಆಸ್ಟ್ರೇಲಿಯಾದ ದೈತ್ಯ ಪ್ರಾಣಿಗಳನ್ನು ಮಾಡುತ್ತಾ ಕಲಿತದ್ದು

ಬೆಂಗಳೂರಿನ ಒಂದು ಅನಿಮೇಷನ್ ಸ್ಟುಡಿಯೋದಲ್ಲಿ ನಾನು ಪ್ರಾಣಿಗಳ ತ್ರೀಡಿ ಮಾಡೆಲ್ ಮಾಡುತ್ತೇನೆ. ಹುಲಿ, ಆನೆ, ಕುದುರೆ ಅಂದ್ರೆ ಕೆಲಸ ಸಲೀಸು. ಯಾವ ಕೋನದ ಫೋಟೊ ಬೇಕಾದರೂ ಸಿಗುತ್ತದೆ, ನಡಿಗೆಯ ವಿಡಿಯೋ ಸಿಗುತ್ತದೆ. ಅನುಮಾನ ಬಂದರೆ ಬನ್ನೇರುಘಟ್ಟಕ್ಕೆ ಹೋಗಿ ನೋಡಿಕೊಂಡು ಬರಬಹುದು. ಅಳಿದುಹೋದ ಪ್ರಾಣಿಗೆ ಈ ಅನುಕೂಲ ಯಾವುದೂ ಇಲ್ಲ.

ಕೆಲವು ವರ್ಷಗಳ ಹಿಂದೆ ಆಸ್ಟ್ರೇಲಿಯಾದ ಒಂದು ಪ್ರದರ್ಶನಕ್ಕಾಗಿ ಆ ಖಂಡದ ದೈತ್ಯ ಪ್ರಾಣಿಗಳನ್ನು ಮಾಡಿಕೊಡುವ ಕೆಲಸ ನಮ್ಮ ತಂಡಕ್ಕೆ ಬಂತು. ಈಗ ಬದುಕಿರುವವೂ ಇದ್ದವು, ಹತ್ತಾರು ಸಾವಿರ ವರ್ಷಗಳ ಹಿಂದೆ ಇಲ್ಲವಾದವೂ ಇದ್ದವು. ಮೊದಲ ಮೀಟಿಂಗ್‌ನಲ್ಲೇ ನಮ್ಮ ಲೀಡ್ ಮೇಡಂ ಒಂದು ನಿಯಮ ಹಾಕಿದರು. ಪ್ರತಿ ಮಾಡೆಲ್‌ಗೂ ಮೂರು ಬಣ್ಣದ ಒಂದು ಪದರ ಇರಬೇಕು. ಮೂಳೆ ಸಿಕ್ಕಿದೆ, ಅಳತೆ ಗೊತ್ತಿದೆ ಅಂದ್ರೆ ಆ ಭಾಗ ಬಿಳಿ. ಬದುಕಿರುವ ಸಂಬಂಧಿ ಪ್ರಾಣಿಯಿಂದ ತಗೊಂಡದ್ದಾದರೆ ಹಳದಿ. ನಾವೇ ಊಹಿಸಿದ್ದಾದರೆ ಕೆಂಪು. ಕೆಂಪು ಇದ್ದರೆ ತಪ್ಪಲ್ಲ, ಆದರೆ ಕೆಂಪನ್ನು ಬಿಳಿ ಅಂತ ತೋರಿಸಬಾರದು. ಈ ಪೋಸ್ಟ್ ಮುಖ್ಯವಾಗಿ ಆ ನಿಯಮದ ಬಗ್ಗೆಯೇ.

ಡಿಪ್ರೊಟೊಡಾನ್‌ನಿಂದ ಶುರು ಮಾಡಿದೆವು. ಭೂಮಿಯ ಮೇಲೆ ಇದುವರೆಗೆ ಬದುಕಿದ ಹೊಟ್ಟೆಚೀಲದ ಪ್ರಾಣಿಗಳಲ್ಲಿ, ಅಂದ್ರೆ ಕಾಂಗರೂ ಹಾಗೆ ಮರಿಯನ್ನು ಹೊಟ್ಟೆಯ ಚೀಲದಲ್ಲಿ ಬೆಳೆಸುವವುಗಳಲ್ಲಿ, ನಮಗೆ ಗೊತ್ತಿರುವ ಅತಿ ದೊಡ್ಡದು ಇದು. ಭುಜದ ಎತ್ತರ ಸುಮಾರು 1.8 ಮೀಟರ್, ತೂಕ 2,700 ಕಿಲೋ ಆಸುಪಾಸು. ನಾಗರಹೊಳೆಯಲ್ಲಿ ಕಾಟಿ ನೋಡಿದವರು, ಒಳ್ಳೇ ಬಲಿತ ಗಂಡು ಕಾಟಿ ಎರಡೂವರೆ, ಮೂರು ಸೇರಿದರೆ ಎಷ್ಟೋ ಅಷ್ಟು ಅಂದುಕೊಳ್ಳಿ. ಅದರ ಹತ್ತಿರದ ನೆಂಟರಲ್ಲಿ ಇಂದು ಉಳಿದಿರುವುದು ವೊಂಬ್ಯಾಟ್ ಮತ್ತು ಕೋಆಲ. ವೊಂಬ್ಯಾಟ್ ತೂಗುವುದು 30 ಕಿಲೋ ಸುತ್ತಮುತ್ತ.

ತಂಡಕ್ಕೆ ಹೊಸದಾಗಿ ಸೇರಿದ್ದ ಹುಡುಗ ಕೇಳಿದ, "ಅಣ್ಣ, ವೊಂಬ್ಯಾಟ್ ಮಾಡೆಲ್ ರೆಡಿ ಇದೆಯಲ್ಲ, ಅದನ್ನೇ ಸ್ಕೇಲ್ ಮಾಡಿದ್ರೆ ಆಗಲ್ವಾ?"

ಸ್ಕೇಲ್ ಟೂಲ್ ಹಿಡಿದು ಇರುವ ಮಾಡೆಲನ್ನೇ ಹಾಗೇ ದೊಡ್ಡದು ಮಾಡಿಬಿಡುವುದು, ಎಲ್ಲರಿಗೂ ಬರುವ ಯೋಚನೆ ಇದು. ಆಗುವುದಿಲ್ಲ, ಯಾಕೆ ಅಂತ ಲೆಕ್ಕ ಹಾಕಿಯೇ ತೋರಿಸಬೇಕು. ಒಂದು ಪ್ರಾಣಿಯ ಉದ್ದ, ಅಗಲ, ಎತ್ತರ ಮೂರನ್ನೂ ಎರಡು ಪಟ್ಟು ಮಾಡಿದರೆ ತೂಕ ಎಂಟು ಪಟ್ಟಾಗುತ್ತದೆ. ಆದರೆ ಆ ತೂಕ ಹೊರುವ ಕಾಲಿನ ಮೂಳೆಯನ್ನು ಅಡ್ಡಕ್ಕೆ ಕೊಯ್ದು ನೋಡಿದರೆ ಕೊಯ್ದ ಜಾಗದ ವಿಸ್ತೀರ್ಣ ನಾಲ್ಕೇ ಪಟ್ಟಾಗಿರುತ್ತದೆ. ನಾಲ್ಕು ಪಟ್ಟು ದೊಡ್ಡದು ಮಾಡಿದರೆ ತೂಕ 64 ಪಟ್ಟು, ಮೂಳೆ 16 ಪಟ್ಟು. ಹಾಗಾಗಿ ದೊಡ್ಡ ಪ್ರಾಣಿಯ ಕಾಲು ಚಿಕ್ಕ ಪ್ರಾಣಿಯ ಕಾಲಿನ ದೊಡ್ಡ ನಕಲು ಆಗಿರುವುದಿಲ್ಲ. ಡಿಪ್ರೊಟೊಡಾನ್ ಕಾಲು ಕಂಬದ ಹಾಗೆ ನೆಟ್ಟಗೆ, ಪಾದ ಸ್ವಲ್ಪ ಒಳಕ್ಕೆ ತಿರುಗಿತ್ತು. ವೊಂಬ್ಯಾಟ್ ಬಿಲ ತೋಡುತ್ತದೆ, ಇದಕ್ಕೆ ಆ ಕೆಲಸ ಇರಲಿಲ್ಲ. ಭುಜ, ಮುಂಗೈ ಎಲ್ಲದರ ರಿಗ್ಗಿಂಗ್, ಅಂದ್ರೆ ಮಾಡೆಲ್ ಆಡಿಸಲು ಒಳಗೆ ಹಾಕುವ ಮೂಳೆ, ಕೀಲುಗಳ ಜೋಡಣೆ, ಬೇರೆಯೇ ಮಾಡಬೇಕಾಯಿತು. ಹಲ್ಲೂ ಬೇರೆ, ವೊಂಬ್ಯಾಟ್‌ಗೆ ಎಲ್ಲಾ ಹಲ್ಲೂ ಸಾಯುವ ತನಕ ಬೆಳೆಯುತ್ತಲೇ ಇರುತ್ತವೆ. ಡಿಪ್ರೊಟೊಡಾನ್‌ಗೆ ಮುಂದಿನ ಬಾಚಿಹಲ್ಲು ಮಾತ್ರ ಹಾಗೆ, ದವಡೆ ಹಲ್ಲು ಹಾಗಲ್ಲ.

ನಮ್ಮ ಪುಣ್ಯಕ್ಕೆ ಈ ಪ್ರಾಣಿಯ ಮೂಳೆ ಧಾರಾಳವಾಗಿ ಸಿಕ್ಕಿದೆ. ನ್ಯೂ ಸೌತ್ ವೇಲ್ಸ್‌ನ ವೆಲಿಂಗ್ಟನ್ ಗುಹೆಗಳಿಂದ 1830ರಲ್ಲಿ ಬಂದ ತುಣುಕುಗಳನ್ನು ನೋಡಿ 1838ರಲ್ಲಿ ಇಂಗ್ಲೆಂಡಿನ ಪ್ರಾಣಿಶಾಸ್ತ್ರಜ್ಞ ರಿಚರ್ಡ್ ಓವನ್ ಇದಕ್ಕೆ ಹೆಸರಿಟ್ಟರು. 1893ರಲ್ಲಿ ದಕ್ಷಿಣ ಆಸ್ಟ್ರೇಲಿಯಾದ ಕ್ಯಾಲಬೊನಾ ಸರೋವರದಲ್ಲಿ ಇಡೀ ಅಸ್ಥಿಪಂಜರಗಳ ರಾಶಿಯೇ ಸಿಕ್ಕಿತು. ಒಣಗಿದ ಕೆರೆಯಂಗಳದ ಕೆಸರಿನಲ್ಲಿ ಹೂತು ಸತ್ತವು ಅವು. 2017ರಲ್ಲಿ ಒಂದು ಹಲ್ಲಿನ ರಾಸಾಯನಿಕ ಗುರುತುಗಳನ್ನು ಓದಿ, ಇವು ಋತುವಿಗೆ ತಕ್ಕಂತೆ ವಲಸೆ ಹೋಗುತ್ತಿದ್ದವು ಅಂತಲೂ ಸಂಶೋಧಕರು ತೋರಿಸಿದರು. ಹಾಗಾಗಿ ನಮ್ಮ ಮಾಡೆಲ್‌ನಲ್ಲಿ ಬಿಳಿಯೇ ಜಾಸ್ತಿ. ತುಪ್ಪಳದ ಬಣ್ಣ, ಕಿವಿಯ ಆಕಾರ, ಮೂಗಿನ ತುದಿ ಇಷ್ಟು ಕೆಂಪು.

ಇಲ್ಲೊಂದು ತಮಾಷೆ. ವೊಂಬ್ಯಾಟ್ ಲದ್ದಿ ಚೌಕ ಚೌಕವಾಗಿರುತ್ತದೆ, ನಿಜವಾಗಿಯೂ. ಕರುಳಿನ ಗೋಡೆ ಎಲ್ಲಾ ಕಡೆ ಒಂದೇ ತರಹ ಹಿಗ್ಗುವುದಿಲ್ಲ, ಅದರಿಂದ ಹಾಗಾಗುತ್ತದೆ. ಡಿಪ್ರೊಟೊಡಾನ್ ಪಕ್ಕದಲ್ಲೂ ದೊಡ್ಡ ದೊಡ್ಡ ಚೌಕದ ಲದ್ದಿ ಇಟ್ಟರೆ ಮಕ್ಕಳು ಖುಷಿಪಡ್ತಾರೆ ಅಂತ ಯಾರೋ ಹೇಳಿದರು. ಖುಷಿಪಡ್ತಾರೆ, ಸರಿ. ಆದರೆ ಕರುಳು ಮೂಳೆಯಲ್ಲಿ ಗುರುತು ಬಿಡುವುದಿಲ್ಲ. ಮೇಡಂ ಒಪ್ಪಲಿಲ್ಲ.

ಹಳದಿ ಬಣ್ಣ ಎಷ್ಟು ಅಪಾಯದ್ದು ಅಂತ ಗೊತ್ತಾಗಿದ್ದು ಕಾಂಗರೂಗಳಿಂದ. ಕೆಂಪು ಕಾಂಗರೂ ಇಂದು ಬದುಕಿರುವ ಅತಿ ದೊಡ್ಡ ಹೊಟ್ಟೆಚೀಲದ ಪ್ರಾಣಿ. ದೊಡ್ಡ ಗಂಡು 85 ಕಿಲೋ ತೂಗಬಹುದು. ಜಿಗಿಯುವಾಗ ಹಿಮ್ಮಡಿಯ ಮೇಲಿನ ಸ್ನಾಯುರಜ್ಜು ಹಿಗ್ಗಿ, ಕುಗ್ಗಿ ಶಕ್ತಿ ಉಳಿಸುತ್ತದೆ. ನಿಧಾನಕ್ಕೆ ಮೇಯುತ್ತಾ ಹೋಗುವಾಗ ಬಾಲ ಐದನೇ ಕಾಲು. ಸುಮ್ನೆ ಊರುಗೋಲಲ್ಲ, 2014ರ ಒಂದು ಅಧ್ಯಯನದ ಪ್ರಕಾರ ದೇಹವನ್ನು ಮುಂದಕ್ಕೆ ತಳ್ಳುವುದರಲ್ಲಿ ಬಾಲದ ಪಾಲು ನಾಲ್ಕೂ ಕಾಲುಗಳ ಪಾಲು ಸೇರಿದಷ್ಟಿದೆ. ನಮ್ಮ ಅನಿಮೇಟರ್‌ಗಳು ಅದನ್ನು ಸರಿಯಾಗಿ ಹಿಡಿಯಲು ತುಂಬಾ ಒದ್ದಾಡಿದರು. ವಿಡಿಯೋ ಇತ್ತು, ಹಿಡಿದರು.

ಆದರೆ ಅಳಿದುಹೋದ ಪ್ರೊಕಾಪ್ಟೊಡಾನ್ ಇದೆಯಲ್ಲ, ಅದು ಕೂಡ ಕಾಂಗರೂ ಕುಟುಂಬದ್ದೇ. ತೂಕ 230 ಕಿಲೋ ಸುಮಾರು, ಮೊಂಡು ಮುಖ, ಹಿಂಗಾಲಿಗೆ ಒಂದೊಂದೇ ಬೆರಳು, ಕೈಯಲ್ಲಿ ಎರಡು ಉದ್ದ ಬೆರಳು. ಎತ್ತರದ ಕೊಂಬೆಯನ್ನು ಬಗ್ಗಿಸಿ ಎಲೆ ತಿನ್ನಲು ಅವು. ಕಾಂಗರೂ ಅಂದಮೇಲೆ ಜಿಗಿಯಲೇಬೇಕು ಅಲ್ವಾ? ಅಷ್ಟು ತೂಕದಲ್ಲಿ ಜಿಗಿದರೆ ಸ್ನಾಯುರಜ್ಜು ತಡೆಯುತ್ತಾ ಅನ್ನುವುದೇ ಪ್ರಶ್ನೆ. 2014ರಲ್ಲೇ ಪಳೆಯುಳಿಕೆ ತಜ್ಞೆ ಕ್ರಿಸ್ಟೀನ್ ಜಾನಿಸ್ ಮತ್ತು ಜೊತೆಗಾರರು ಮೂಳೆಗಳ ಅಳತೆ ನೋಡಿ, ಇವು ನಮ್ಮ ಹಾಗೆ ಒಂದು ಕಾಲಾದ ಮೇಲೆ ಒಂದು ಕಾಲಿಟ್ಟು ನಡೆಯುತ್ತಿದ್ದಿರಬೇಕು ಅಂದರು. ಎಲ್ಲರೂ ಒಪ್ಪಿಲ್ಲ, ಚರ್ಚೆ ನಡೆಯುತ್ತಲೇ ಇದೆ. ನಾವು ಎರಡೂ ನಡಿಗೆ ಮಾಡಿದೆವು. ದೇಹದ ಮಾಡೆಲ್ ಬಿಳಿ, ನಡಿಗೆ ಎರಡೂ ಕೆಂಪು. ಕ್ಲೈಂಟ್ ನಡೆಯುವುದನ್ನೇ ಆರಿಸಿಕೊಂಡರು. ನೋಡಿದವರಿಗೆ ಅದು ವಿಚಿತ್ರವಾಗಿ ಕಾಣುತ್ತದೆ. ನನಗೆ ಆ ವಿಚಿತ್ರವೇ ಇಷ್ಟ.

ಸಿಕ್ಕ ಅರೆಬರೆ ಮೂಳೆಗೆ ಗೊತ್ತಿರುವ ಪ್ರಾಣಿಯ ಮೈ ತೊಡಿಸುವ ಚಾಳಿ ನಮ್ಮಂಥ ಕಲಾವಿದರಿಗೆ ಮಾತ್ರ ಇದೆ ಅಂದುಕೊಳ್ಳಬೇಡಿ. ಪ್ಯಾಲಾರ್ಕೆಸ್ಟಿಸ್ ಎಂಬ ಅಳಿದುಹೋದ ಪ್ರಾಣಿಯ ಕಥೆ ಓದಿದರೆ ಗೊತ್ತಾಗುತ್ತದೆ. 1873ರಲ್ಲಿ ಓವನ್ ತಲೆಬುರುಡೆಯ ಒಂದು ತುಣುಕು ನೋಡಿ ಇದೊಂದು ದೈತ್ಯ ಕಾಂಗರೂ ಅಂದರು. ಕಾಂಗರೂ ಅಲ್ಲ, ಡಿಪ್ರೊಟೊಡಾನ್ ಕಡೆಯದು ಅಂತ ತಿಳಿಯಲು 1958ರವರೆಗೆ ಕಾಯಬೇಕಾಯಿತು. ಆಮೇಲೆ ಮೂಗಿನ ಮೂಳೆ ಹಿಂದಕ್ಕೆ ಸರಿದಿರುವುದನ್ನು ನೋಡಿ ಟೇಪಿರ್ ಹಾಗೆ ಸಣ್ಣ ಸೊಂಡಿಲು ಕೊಟ್ಟರು. ಎಷ್ಟೋ ಚಿತ್ರಗಳಲ್ಲಿ ಇವತ್ತಿಗೂ ಆ ಸೊಂಡಿಲಿದೆ. ಈಚೆಗೆ ಕೆಲವರು ಸೊಂಡಿಲು ಇರಲಿಲ್ಲ, ತುಟಿಯೇ ಚುರುಕಾಗಿತ್ತು ಅನ್ನುತ್ತಿದ್ದಾರೆ. 2019ರ ಅಧ್ಯಯನ ಇನ್ನೂ ಮಜವಾಗಿದೆ. ಅದರ ಮೊಣಕೈ ಸುಮಾರು ಲಂಬಕೋನದಲ್ಲಿ ಮಡಚಿಕೊಂಡೇ ಇರುತ್ತಿತ್ತಂತೆ, ಬಿಚ್ಚಲು ಬರುತ್ತಿರಲಿಲ್ಲ. ಬದುಕಿರುವ ಯಾವ ಸಸ್ತನಿಯಲ್ಲೂ ಹಾಗಿಲ್ಲ. ಹಳದಿ ಬಳಿಯೋಣ ಅಂದ್ರೆ ಹೋಲಿಕೆಗೆ ಪ್ರಾಣಿಯೇ ಇಲ್ಲ! ರಿಗ್ಗಿಂಗ್ ಮಾಡುವವರು ತಲೆ ಮೇಲೆ ಕೈ ಹೊತ್ತು ಕೂತರು.

ಥೈಲಕೋಲಿಯೊ ಇನ್ನೊಂದು ಬಗೆ. ಇದನ್ನು ಹೊಟ್ಟೆಚೀಲದ ಸಿಂಹ ಅಂತ ಕರೆಯುತ್ತಾರೆ, ಆದರೆ ಬೆಕ್ಕಿನ ಜಾತಿಗೂ ಇದಕ್ಕೂ ನೆಂಟಸ್ತಿಕೆ ಇಲ್ಲ. ಸೊಪ್ಪು ತಿನ್ನುವವರ ವಂಶದಲ್ಲಿ ಹುಟ್ಟಿದ ಮಾಂಸಾಹಾರಿ. ಕೋರೆಹಲ್ಲಿನ ಬದಲು ಮುಂದಿನ ಬಾಚಿಹಲ್ಲೇ ಚುಚ್ಚಲು, ಪಕ್ಕದಲ್ಲಿ ಕತ್ತರಿಯ ಅಲಗಿನಂಥ ಒಂದು ದೊಡ್ಡ ಹಲ್ಲು, ಹೆಬ್ಬೆರಳಿನಲ್ಲಿ ದೊಡ್ಡ ಉಗುರು. ಹಲ್ಲು ಇಷ್ಟು ವಿಚಿತ್ರ ಅಂತಲೇ 19ನೇ ಶತಮಾನದಲ್ಲಿ ಇದು ಹಣ್ಣು ತಿನ್ನುತ್ತಿತ್ತು ಅಂತ ವಾದಿಸಿದವರೂ ಇದ್ದರು. ರೆಫರೆನ್ಸ್‌ಗೆ ಸಿಂಹಿಣಿಯ ವಿಡಿಯೋ ಇಟ್ಟುಕೊಳ್ಳುವ ಆಸೆ ಎಲ್ಲರಿಗೂ. ಬಾಲ ಹೇಗಿತ್ತು ಅಂತ ಬಹಳ ಕಾಲ ಯಾರಿಗೂ ಗೊತ್ತಿರಲಿಲ್ಲ. ನರಕೂರ್ಟ್ ಮತ್ತು ನಲಾರ್ಬರ್ ಗುಹೆಗಳ ಮೂಳೆಗಳನ್ನು ಇಟ್ಟುಕೊಂಡು 2018ರಲ್ಲಿ ರಾಡ್ ವೆಲ್ಸ್ ಮತ್ತು ಆರನ್ ಕ್ಯಾಮೆನ್ಸ್ ಪೂರ್ತಿ ಬಾಲವನ್ನು ವಿವರಿಸಿದರು. ಅದು ಸಿಂಹದ ಬಾಲದಂತೆ ಅತ್ತಿತ್ತ ಬೀಸುವಂಥದ್ದಲ್ಲ. ಗಡುಸಾದದ್ದು, ಟಾಸ್ಮೇನಿಯನ್ ಡೆವಿಲ್ ಎಂಬ ಪ್ರಾಣಿಯ ಹಾಗೆ ಹಿಂಗಾಲುಗಳ ಜೊತೆ ಸೇರಿಸಿ ಕುಳಿತುಕೊಳ್ಳಲು ಆಗುವಂಥದ್ದು. ಆ ಪೇಪರ್ ಮೊದಲೇ ಕೈಯಲ್ಲಿದ್ದದ್ದು ಒಳ್ಳೆಯದಾಯಿತು.

ಮೆಗಲೇನಿಯ ಎಂಬ ದೈತ್ಯ ಉಡದ ವಿಷಯ ಚಿಕ್ಕದು, ಯಾಕೆಂದರೆ ಸಿಕ್ಕಿರುವುದೇ ಬಿಡಿ ಬಿಡಿ ಮೂಳೆಗಳು. ಉದ್ದದ ಅಂದಾಜು 4.5 ಮೀಟರ್‌ನಿಂದ 7 ಮೀಟರ್‌ವರೆಗೆ ಹರಡಿದೆ. ಪ್ರದರ್ಶನದವರಿಗೆ ಸಹಜವಾಗಿ 7 ಬೇಕಿತ್ತು. ನಾವು ಚಿಕ್ಕದನ್ನೇ ಕಳಿಸಿದೆವು. ಚಿಕ್ಕದು ಅಂದ್ರೂ ಇಂದಿನ ಕೊಮೊಡೊ ಡ್ರ್ಯಾಗನ್‌ನ ಒಂದೂವರೆ ಪಟ್ಟು, ಅದೇನು ಕಡಿಮೆಯಾ? ಬದುಕಿರುವವರಲ್ಲಿ ಉಪ್ಪುನೀರಿನ ಮೊಸಳೆ 6 ಮೀಟರ್ ಮುಟ್ಟುತ್ತದೆ. ವಿಕ್ಟೋರಿಯಾದ ಗಿಪ್ಸ್‌ಲ್ಯಾಂಡ್‌ನಲ್ಲಿ ಒಂದು ಮೀಟರ್ ಉದ್ದದ ಎರೆಹುಳ ಇದೆ. ಅದು ಒದ್ದೆ ಮಣ್ಣೊಳಗೆ ಸರಿಯುವಾಗ ಗುಳುಗುಳು ಸದ್ದು ಮೇಲಕ್ಕೇ ಕೇಳುತ್ತದೆ. ಎರೆಹುಳವೇ ಎಲ್ಲಕ್ಕಿಂತ ಬೇಗ ಮುಗಿದ ಮಾಡೆಲ್.

ಅಳಿದವುಗಳಲ್ಲಿ ಒಂದಕ್ಕೆ ಮಾತ್ರ ನಮಗೆ ಅಸಲಿ ಚಲನಚಿತ್ರ ಸಿಕ್ಕಿತು. ಥೈಲಸೈನ್, ಅಂದ್ರೆ ಟಾಸ್ಮೇನಿಯನ್ ಹುಲಿ. ನಮಗೆ ಗೊತ್ತಿರುವ ಕೊನೆಯದು 1936ರ ಸೆಪ್ಟೆಂಬರ್ 7ರಂದು ಹೋಬಾರ್ಟ್‌ನ ಮೃಗಾಲಯದಲ್ಲಿ ಸತ್ತಿತು. 1933ರಲ್ಲಿ ಪ್ರಾಣಿತಜ್ಞ ಡೇವಿಡ್ ಫ್ಲೇ ಬೋನಿನೊಳಗೇ ಹೋಗಿ ಅಲ್ಲಿದ್ದ ಒಂದು ಥೈಲಸೈನನ್ನು ಕಪ್ಪು ಬಿಳುಪಿನಲ್ಲಿ ಚಿತ್ರೀಕರಿಸಿದ್ದರು. ಹಾಗೆ ಮಾಡುವಾಗ ಅದು ಅವರ ಕುಂಡಿಗೆ ಕಚ್ಚಿತು. ಆ ಫಿಲ್ಮ್ ಅನ್ನು ಫ್ರೇಮ್ ಫ್ರೇಮ್ ನಿಲ್ಲಿಸಿ ನೋಡಿದೆವು. ಮುಖ ನಾಯಿಯದೇ ಅನಿಸುತ್ತದೆ. ಆದರೆ ಬಾಲ ಬುಡದಲ್ಲಿ ದಪ್ಪ, ಬೆನ್ನಿನದೇ ಮುಂದುವರಿಕೆ. ನಾಯಿ ಬಾಲದಂತೆ ಅಲ್ಲಾಡುವುದಿಲ್ಲ. ಬಾಯಿ ತೆರೆಯುವ ಅಗಲ ನೋಡಿದರೆ ನಾಯಿ ಮರೆತೇ ಹೋಗುತ್ತದೆ. ಫಿಲ್ಮ್ ಇರದಿದ್ದರೆ ನಾವು ಖಂಡಿತ ನಾಯಿಯ ರಿಗ್ ಹಾಕುತ್ತಿದ್ದೆವು, ಹಳದಿ ಬಳಿದು ನೆಮ್ಮದಿಯಿಂದ ಇರುತ್ತಿದ್ದೆವು.

ಈ ಬಣ್ಣದ ಪದರಕ್ಕೆ ಸಮಯ ಜಾಸ್ತಿ ಹಿಡಿಯುತ್ತದೆ ಅಂತ ಪ್ರೊಡಕ್ಷನ್‌ನವರು ಗೊಣಗುತ್ತಲೇ ಇದ್ದರು. ಗೊಣಗಾಟದಲ್ಲಿ ನ್ಯಾಯವಿತ್ತು. ರೆಂಡರ್‌ನಲ್ಲಿ, ಅಂದ್ರೆ ಕೊನೆಗೆ ತಯಾರಾಗುವ ಚಿತ್ರದಲ್ಲಿ, ಕಾಣದ ಪದರಕ್ಕೆ ಯಾರು ದುಡ್ಡು ಕೊಡ್ತಾರೆ? ಆ ಮಾತು ನಿಂತಿದ್ದು ಜೆನಿಯಾರ್ನಿಸ್ ಬಂದಾಗ. ಎರಡು ಮೀಟರ್ ಎತ್ತರದ, 230 ಕಿಲೋ ಸುಮಾರಿನ ಹಾರಲಾರದ ಹಕ್ಕಿ ಅದು. ಎಮು, ಕ್ಯಾಸೊವರಿ ಎರಡೂ ಆಸ್ಟ್ರೇಲಿಯಾದವೇ ಆದ್ದರಿಂದ ತಲೆಗೆ ಅವನ್ನೇ ನೋಡುವ ಮನಸ್ಸಾಗುತ್ತದೆ. ಆದರೆ ಜೆನಿಯಾರ್ನಿಸ್ ಆ ವಂಶದ್ದಲ್ಲ, ಬಾತುಕೋಳಿ, ಕೋಳಿಗಳ ಕಡೆಯದು. 1913ರಲ್ಲಿ ವರದಿಯಾದ ತಲೆಬುರುಡೆ ತುಂಬಾ ಹಾಳಾಗಿತ್ತು. ಹಾಗಾಗಿ ನಾವು ಇಡೀ ತಲೆಗೆ ಕೆಂಪು ಬಳಿದಿದ್ದೆವು, ಪಕ್ಕದಲ್ಲಿ ಕಾರಣ ಬರೆದಿಟ್ಟಿದ್ದೆವು. 2024ರ ಜೂನ್‌ನಲ್ಲಿ ಫ್ಲಿಂಡರ್ಸ್ ವಿಶ್ವವಿದ್ಯಾಲಯದ ಫೀಬಿ ಮೆಕಿನರ್ನಿ ಮತ್ತು ತಂಡದವರು ಕ್ಯಾಲಬೊನಾದಲ್ಲೇ ಸಿಕ್ಕ ಒಳ್ಳೆಯ ಬುರುಡೆಯ ವಿವರ ಪ್ರಕಟಿಸಿದರು. ಕೊಕ್ಕು ಹೆಬ್ಬಾತಿನ ಕೊಕ್ಕಿನ ಹಾಗಿತ್ತು!

ಕ್ಲೈಂಟ್‌ನಿಂದ ಮಾರನೇ ವಾರವೇ ಮೇಲ್ ಬಂತು, ಬದಲಾಯಿಸಬಹುದಾ ಅಂತ. ಫೈಲ್ ತೆರೆದರೆ ಎಲ್ಲಿ ಕೈ ಹಾಕಬೇಕು ಅಂತ ಬಣ್ಣವೇ ಹೇಳುತ್ತಿತ್ತು. ಕುತ್ತಿಗೆಯ ಮೇಲ್ಭಾಗದಿಂದ ಕತ್ತರಿಸಿ ತಲೆಯನ್ನು ಹೊಸದಾಗಿ ಮಾಡಿದೆವು. ಕಾಲು, ಎದೆ, ಗೊರಸಿನಂಥ ಉಗುರುಗಳನ್ನು ಯಾರೂ ಮುಟ್ಟಲಿಲ್ಲ. ವೊಂಬ್ಯಾಟನ್ನೇ ಸ್ಕೇಲ್ ಮಾಡಿದ್ರೆ ಆಗಲ್ವಾ ಅಂತ ಕೇಳಿದ್ದ ಆ ಹುಡುಗನೇ ಅದನ್ನು ಪೂರ್ತಿ ಮಾಡಿದ, ರಿವ್ಯೂನಲ್ಲಿ ಒಂದೇ ಸಲಕ್ಕೆ ಪಾಸಾಯಿತು. ಆಮೇಲಿನ ಎಸ್ಟಿಮೇಟ್‌ಗಳಲ್ಲಿ ಬಣ್ಣದ ಪದರಕ್ಕೆ ಪ್ರೊಡಕ್ಷನ್‌ನವರೇ ಒಂದು ಸಾಲು ಸೇರಿಸುತ್ತಿದ್ದಾರೆ.