ಜಮಖಂಡಿಯ ಗ್ರಹಣ, ನಮ್ಮ ಎಂಆರ್‌ಐ ಮಷೀನಿನ ಹೀಲಿಯಂ

ಹೀಲಿಯಂ ಅಂದ ಕೂಡಲೇ ಜಾಸ್ತಿ ಜನರಿಗೆ ಬಲೂನು ನೆನಪಾಗುತ್ತದೆ. ನನಗೆ ನೆನಪಾಗುವುದು ಒಂದು ಅಂಕಿ. ನಾನು ಎಂಆರ್‌ಐ ಟೆಕ್ನಿಷಿಯನ್. ಬೆಳಿಗ್ಗೆ ಡ್ಯೂಟಿಗೆ ಬಂದ ತಕ್ಷಣ ಮೊದಲು ನೋಡುವುದು ಮ್ಯಾಗ್ನೆಟ್ಟಿನೊಳಗೆ ಹೀಲಿಯಂ ಶೇಕಡಾ ಎಷ್ಟಿದೆ ಅಂತ. ಅದನ್ನು ರಿಜಿಸ್ಟರಿನಲ್ಲಿ ಬರೆದ ಮೇಲೆಯೇ ಮೊದಲ ಪೇಷಂಟನ್ನು ಕರೆಯುವುದು.

ಸ್ಕ್ಯಾನ್ ನಡೆಯದೇ ಇದ್ದಾಗಲೂ ಆ ಕೋಣೆಯಲ್ಲಿ ಚಿಕ್, ಚಿಕ್ ಅಂತ ಒಂದೇ ಲಯದ ಸಪ್ಪಳ ಇರುತ್ತದೆ. ಸೊಂಟನೋವಿಗೆ ಸ್ಕ್ಯಾನ್ ಮಾಡಿಸಲು ಬಂದಿದ್ದ ಒಬ್ಬ ಅಜ್ಜಿ ಕೇಳಿದರು, "ಯಪ್ಪಾ, ಮುಗೀತು ಅಂದಿ, ಇದಿನ್ನೂ ಚಾಲೂನ ಐತಲ್ಲ?" "ಇದು ಬಂದ್ ಆಗೂದಿಲ್ಲಬೇ, ಹಗಲೂ ರಾತ್ರಿ ಹಿಂಗ ಇರತೈತಿ" ಅಂದೆ. ಅದು ಹೀಲಿಯಂ ಆವಿಯನ್ನು ತಣ್ಣಗೆ ಮಾಡಿ ಮತ್ತೆ ದ್ರವವಾಗಿಸುವ ಕೋಲ್ಡ್ ಹೆಡ್‌ನ ಸದ್ದು.

ಮ್ಯಾಗ್ನೆಟ್ ಅಂದರೆ ಒಳಗೆ ನಿಯೋಬಿಯಂ-ಟೈಟಾನಿಯಂ ತಂತಿಯ ಸುರುಳಿ. ತುಂಬಾ ತಣ್ಣಗಾದರೆ ಈ ತಂತಿಯಲ್ಲಿ ಕರೆಂಟಿಗೆ ತಡೆಯೇ ಇರುವುದಿಲ್ಲ. ಒಮ್ಮೆ ಕರೆಂಟ್ ಹರಿಸಿ ಸಂಪರ್ಕ ತೆಗೆದರೂ ಅದು ವರ್ಷಗಟ್ಟಲೆ ಸುತ್ತುತ್ತಲೇ ಇರುತ್ತದೆ. ನಮ್ಮದು 1.5 ಟೆಸ್ಲಾ ಮಷೀನು. ಟೆಸ್ಲಾ ಅಂದರೆ ಕಾಂತಬಲ ಅಳೆಯುವ ಮಾನ. ಭೂಮಿಯ ಕಾಂತಬಲದ ಸುಮಾರು 30 ಸಾವಿರ ಪಟ್ಟು. ಇಷ್ಟಕ್ಕೆಲ್ಲ ಆಧಾರ ಸುರುಳಿಯ ಸುತ್ತ ಇರುವ ಸುಮಾರು 1,500 ಲೀಟರ್ ದ್ರವ ಹೀಲಿಯಂ. ಅದು ಕುದಿಯುವುದೇ ಮೈನಸ್ 269 ಡಿಗ್ರಿ ಸೆಲ್ಸಿಯಸ್‌ನಲ್ಲಿ. ಅಷ್ಟು ಚಳಿಯಲ್ಲಿ ದ್ರವವಾಗಿ ಉಳಿಯುವ ಬೇರೆ ಮೂಲವಸ್ತು ಇಲ್ಲ. ಹೈಡ್ರೋಜನ್ ಕೂಡ ಅದಕ್ಕೆ ಎಷ್ಟೋ ಮೊದಲೇ ಗಟ್ಟಿಯಾಗಿಬಿಡುತ್ತದೆ.

ನಾನು ಬಾಗಲಕೋಟೆ ಜಿಲ್ಲೆಯವನು. ಈ ಹೀಲಿಯಂ ಪತ್ತೆಯಾದ ಕಥೆ ನಮ್ಮ ಜಮಖಂಡಿಯನ್ನು ಹಾದುಹೋಗುತ್ತದೆ ಅಂತ ಗೊತ್ತಾದಾಗ ಆದ ಖುಷಿ ಇನ್ನೂ ಇಳಿದಿಲ್ಲ. ಪುಸ್ತಕಗಳಲ್ಲಿ ಆಂಧ್ರದ ಗುಂಟೂರಿನ ಹೆಸರು ಬರುತ್ತದೆ. ಜಮಖಂಡಿಯ ಹೆಸರು ಹೇಳುವವರು ಕಡಿಮೆ.

1868ರ ಆಗಸ್ಟ್ 18. ಆ ಬೆಳಿಗ್ಗೆ ಖಗ್ರಾಸ ಸೂರ್ಯಗ್ರಹಣದ ನೆರಳು ನಮ್ಮ ಸೀಮೆಯಿಂದ ಆಂಧ್ರದ ಕರಾವಳಿಯವರೆಗೆ ಹಾದುಹೋಯಿತು. ಸ್ಪೆಕ್ಟ್ರೋಸ್ಕೋಪ್ ಆಗಿನ್ನೂ ಹೊಸ ಉಪಕರಣ. ಬೆಳಕನ್ನು ಬಣ್ಣಬಣ್ಣವಾಗಿ ಬಿಡಿಸಿ, ಅದರಲ್ಲಿ ಕಾಣುವ ಗೆರೆಗಳಿಂದ ಅದು ಯಾವ ವಸ್ತುವಿನಿಂದ ಬಂತು ಅಂತ ತಿಳಿಯಬಹುದಿತ್ತು. ಗ್ರಹಣದ ಹೊತ್ತಿನಲ್ಲಿ ಸೂರ್ಯನ ಅಂಚಿನಲ್ಲಿ ಕಾಣುವ ಕೆಂಪು ಜ್ವಾಲೆಗಳು ಏನು ಅನ್ನುವುದೇ ಎಲ್ಲರ ಪ್ರಶ್ನೆ. ಫ್ರಾನ್ಸಿನ ಖಗೋಳ ವಿಜ್ಞಾನಿ ಜೂಲ್ ಜಾನ್ಸೆನ್ ಗುಂಟೂರಿಗೆ ಬಂದರು. ವಿಜಾಪುರದಲ್ಲಿ ಕ್ಯಾಪ್ಟನ್ ಹೇಗ್ ನೋಡಿದರು. ಪಟವರ್ಧನರ ಸಂಸ್ಥಾನವಾಗಿದ್ದ ಜಮಖಂಡಿಯಲ್ಲಿ ಲಂಡನ್ನಿನ ರಾಯಲ್ ಸೊಸೈಟಿ ಕಳಿಸಿದ ದೂರದರ್ಶಕ ಇಟ್ಟುಕೊಂಡು ಕಾದಿದ್ದವರು ಲೆಫ್ಟಿನೆಂಟ್ ಜಾನ್ ಹರ್ಷೆಲ್. ಯುರೇನಸ್ ಗ್ರಹವನ್ನು ಕಂಡುಹಿಡಿದ ವಿಲಿಯಂ ಹರ್ಷೆಲ್ ಅವರ ಮೊಮ್ಮಗ!

ಮಳೆಗಾಲ ನೋಡಿ, ಮೋಡ ಕಾಡಿತು. ಮೋಡ ಸರಿದ ಹೊತ್ತಿನಲ್ಲಿ ಹರ್ಷೆಲ್ ಮೂರು ಉಜ್ವಲ ಗೆರೆಗಳನ್ನು ಕಂಡರು. ಒಂದು ಕೆಂಪು, ಒಂದು ಕಿತ್ತಳೆ, ಒಂದು ನೀಲಿ. ಕಿತ್ತಳೆ ಗೆರೆ ಸೋಡಿಯಂ ಗೆರೆಯ ಜಾಗಕ್ಕೇ ಹೆಚ್ಚುಕಡಿಮೆ ಕೂಡುತ್ತದೆ ಅಂತ ಅವರಿಗೆ ಅನಿಸಿತು. ನಮ್ಮ ಹಳೇ ಬೀದಿದೀಪಗಳ ಹಳದಿ ಬೆಳಕು ಇತ್ತಲ್ಲ, ಅದೇ ಸೋಡಿಯಂ. ಆದರೆ ಹರ್ಷೆಲ್ ಕಂಡದ್ದು ಸೋಡಿಯಂ ಆಗಿರಲಿಲ್ಲ. ಅದು ಹೀಲಿಯಂ.

"ಹೀಲಿಯಂ ಗುಂಟೂರಿನಲ್ಲಿ ಸಿಕ್ಕಿತು" ಅಂತ ಸುಮ್ನೆ ಬರೆದುಬಿಡುವುದನ್ನು ನಾನು ಒಪ್ಪುವುದಿಲ್ಲ. ಗುಂಟೂರಿನಲ್ಲಿ ಆದ ದೊಡ್ಡ ಕೆಲಸ ಬೇರೆಯದು. ಆ ಗೆರೆಗಳು ಎಷ್ಟು ಪ್ರಖರವಾಗಿದ್ದವು ಅಂದರೆ, ಗ್ರಹಣ ಇಲ್ಲದೆಯೂ ಇವು ಕಾಣಬೇಕು ಅಂತ ಜಾನ್ಸೆನ್‌ಗೆ ಹೊಳೆಯಿತು. ಮಾರನೇ ದಿನವೇ ಬಿಸಿಲಲ್ಲಿ ಕಂಡೂ ಬಿಟ್ಟರು. ಇಂಗ್ಲೆಂಡಿನಲ್ಲಿ ನಾರ್ಮನ್ ಲಾಕಿಯರ್ ಅದೇ ಉಪಾಯವನ್ನು ತಾವಾಗಿಯೇ ಕಂಡುಕೊಂಡು ಅಕ್ಟೋಬರ್ 20ರಂದು ನೋಡಿದರು. ಇಬ್ಬರ ವರದಿಯೂ ಪ್ಯಾರಿಸ್ಸಿನ ವಿಜ್ಞಾನ ಅಕಾಡೆಮಿಗೆ ಒಂದೇ ದಿನ ತಲುಪಿತು. ಹರ್ಷೆಲ್ ಕಿತ್ತಳೆ ಅಂದಿದ್ದ ಆ ಹಳದಿ ಗೆರೆ ಸೋಡಿಯಂನ ಎರಡು ಗೆರೆಗಳ ಪಕ್ಕದ್ದು, ಅವೇ ಅಲ್ಲ ಅಂತ ಪಟ್ಟು ಹಿಡಿದವರು ಲಾಕಿಯರ್. ಸೋಡಿಯಂ ಗೆರೆಗಳ ಬೆಳಕಿನ ತರಂಗಾಂತರ 589.0 ಮತ್ತು 589.6 ನ್ಯಾನೊಮೀಟರ್. ಇದು 587.6. ವ್ಯತ್ಯಾಸ ಬರೀ ಅಷ್ಟೇ! ಅಷ್ಟರ ಮೇಲೆ ಅವರು ಸೂರ್ಯನಲ್ಲಿ ಹೊಸ ಮೂಲವಸ್ತು ಇದೆ ಅಂದರು. ಸೂರ್ಯನ ಗ್ರೀಕ್ ಹೆಸರು ಹೀಲಿಯೋಸ್, ಅದರಿಂದ ಹೀಲಿಯಂ.

ರಸಾಯನಶಾಸ್ತ್ರದವರು ಸುಲಭಕ್ಕೆ ನಂಬಲಿಲ್ಲ. ಕೈಗೆ ಸಿಗದ, ಬಾಟಲಿಯಲ್ಲಿ ಹಿಡಿಯಲಾಗದ ವಸ್ತುವನ್ನು ಹೇಗೆ ನಂಬುವುದು? ಅಮೆರಿಕದ ಹಿಲ್ಲೆಬ್ರಾಂಡ್ ಯುರೇನಿಯಂ ಅದಿರನ್ನು ಆಸಿಡ್‌ನಲ್ಲಿ ಕಾಯಿಸಿ ಬಂದ ಅನಿಲವನ್ನು ನೈಟ್ರೋಜನ್ ಅಂತ ತಿಳಿದರು. 1895ರಲ್ಲಿ ಲಂಡನ್ನಿನ ವಿಲಿಯಂ ರಾಮ್ಸೇ ಆರ್ಗಾನ್ ಅನ್ನುವ ಅನಿಲ ಹುಡುಕುತ್ತಾ ಕ್ಲೀವೈಟ್ ಅನ್ನುವ ಅಂಥದ್ದೇ ಅದಿರನ್ನು ಆಸಿಡ್‌ಗೆ ಹಾಕಿದರು. ಬಂದ ಅನಿಲದ ಬೆಳಕಿನಲ್ಲಿ ಅದೇ ಹಳದಿ ಗೆರೆ. ಸೂರ್ಯನಲ್ಲಿ ಕಂಡ 27 ವರ್ಷಕ್ಕೆ ಹೀಲಿಯಂ ಭೂಮಿಯ ಮೇಲೆ ಕೈಗೆ ಸಿಕ್ಕಿತು.

ಅದಿರಿನೊಳಗೆ ಅದು ಹೇಗೆ ಸೇರಿತು ಅನ್ನುವುದಕ್ಕೆ ಭೌತವಿಜ್ಞಾನಿ ರುದರ್‌ಫರ್ಡ್ ಉತ್ತರ ಕೊಟ್ಟರು. ಯುರೇನಿಯಂ, ಥೋರಿಯಂ ಒಡೆಯುವಾಗ ಚಿಮ್ಮುವ ಆಲ್ಫಾ ಕಣವೇ ಹೀಲಿಯಂ. ಅಂದರೆ ನಮ್ಮ ಮಷೀನಿನ ಹೀಲಿಯಂ ನೆಲದಡಿಯ ಕಲ್ಲುಗಳಲ್ಲಿ ಕೋಟ್ಯಂತರ ವರ್ಷ ಹನಿಹನಿಯಾಗಿ ಕೂಡಿದ್ದು. ಎಲ್ಲೋ ಕೆಲವು ಕಡೆ ಅದು ನೈಸರ್ಗಿಕ ಅನಿಲದ ಜತೆ ಸಿಕ್ಕಿಹಾಕಿಕೊಂಡಿರುತ್ತದೆ.

ಅದು ಗೊತ್ತಾದ ಬಗೆಯೂ ಚೆನ್ನಾಗಿದೆ. 1903ರಲ್ಲಿ ಅಮೆರಿಕದ ಕಾನ್ಸಾಸ್ ರಾಜ್ಯದ ಡೆಕ್ಸ್‌ಟರ್ ಎಂಬ ಸಣ್ಣ ಊರಲ್ಲಿ ಬಾವಿ ಕೊರೆದಾಗ ಗ್ಯಾಸ್ ಸಿಕ್ಕಿತು. ಊರಿಗೆ ಊರೇ ಹಬ್ಬ ಮಾಡಲು ಸೇರಿತು. ಉರಿಯುವ ಹುಲ್ಲಿನ ಕಟ್ಟನ್ನು ಗ್ಯಾಸಿನ ಹತ್ತಿರ ತಂದರೆ ಗ್ಯಾಸ್ ಹೊತ್ತಲಿಲ್ಲ, ಹುಲ್ಲಿನ ಬೆಂಕಿಯೇ ಆರಿತು. 1905ರಲ್ಲಿ ಕಾನ್ಸಾಸ್ ವಿಶ್ವವಿದ್ಯಾಲಯದ ಕೇಡಿ ಮತ್ತು ಮ್ಯಾಕ್‌ಫಾರ್ಲಂಡ್ ಪರೀಕ್ಷಿಸಿದಾಗ ಅದರಲ್ಲಿ ಹೆಚ್ಚುಕಡಿಮೆ ಶೇ. 2ರಷ್ಟು ಹೀಲಿಯಂ ಇತ್ತು. ಅಲ್ಲಿಯವರೆಗೆ ಪ್ರಯೋಗಾಲಯದ ಅಪರೂಪದ ವಸ್ತುವಾಗಿದ್ದದ್ದು ಬಾವಿಯಿಂದ ಬರತೊಡಗಿತು. 1908ರಲ್ಲಿ ಹಾಲೆಂಡಿನ ಲೈಡನ್‌ನಲ್ಲಿ ಕಾಮರ್ಲಿಂಗ್ ಓನ್ನೆಸ್ ಅದನ್ನು ದ್ರವವಾಗಿಸಿದರು. 1911ರಲ್ಲಿ ಅದೇ ದ್ರವದ ಚಳಿಯಲ್ಲಿ ಪಾದರಸದ ತಡೆ ಮಾಯವಾದದ್ದನ್ನು ಕಂಡರು. ಎಂಆರ್‌ಐನ ಬೇರು ಅಲ್ಲಿದೆ.

ನಾನು ಹಿಂದೆ ಕೆಲಸ ಮಾಡಿದ ಒಂದು ಕಡೆ ಮ್ಯಾಗ್ನೆಟ್ ಕ್ವೆಂಚ್ ಆದದ್ದನ್ನು ನೋಡಿದ್ದೇನೆ. ಬೇಸಿಗೆಯಲ್ಲಿ ಮಷೀನನ್ನು ತಂಪಾಗಿಡುವ ಚಿಲ್ಲರ್ ಕೆಟ್ಟಿತ್ತು, ರಿಪೇರಿಗೆ ಯಾರೂ ಬೇಗ ಬರಲಿಲ್ಲ. ಸುರುಳಿ ಬಿಸಿಯಾಗಿ, ದ್ರವವೆಲ್ಲ ಒಮ್ಮೆಲೇ ಕುದಿದು ಚಾವಣಿಯ ಪೈಪಿನಿಂದ ಭೋರೆಂದು ಹೊರಗೆ ಹೋಯಿತು. ಒಂದು ಲೀಟರ್ ದ್ರವ ಸುಮಾರು 750 ಲೀಟರ್ ಅನಿಲವಾಗುತ್ತದೆ, ಲೆಕ್ಕ ಹಾಕಿ. ಪೈಪ್ ಕಟ್ಟಿಕೊಂಡು ಅದು ಕೋಣೆಗೇ ನುಗ್ಗಿದರೆ ಆಕ್ಸಿಜನ್ ಇಲ್ಲದೆ ಒಳಗಿದ್ದವರ ಜೀವ ಹೋಗಬಹುದು. ಅದಕ್ಕೇ ಆಕ್ಸಿಜನ್ ಮೀಟರ್ ಇಟ್ಟಿರುವುದು. ಆ ದಿನ ಯಾರಿಗೂ ಏನೂ ಆಗಲಿಲ್ಲ. ಆದರೆ ಲಕ್ಷಗಟ್ಟಲೆ ಖರ್ಚಾಯಿತು, ದೂರದ ಊರುಗಳಿಂದ ಬಂದ ಪೇಷಂಟುಗಳು ವಾಪಸ್ ಹೋದರು. ನನಗೆ ಅದಕ್ಕಿಂತ ಸಂಕಟವಾದದ್ದು ಹೋದ ಹೀಲಿಯಂ ಬಗ್ಗೆ. ಅದು ಯಾವುದರ ಜತೆಯೂ ಕೂಡುವುದಿಲ್ಲ. ಹಗುರ ಬೇರೆ. ಗಾಳಿಯಲ್ಲಿ ಮೇಲೇರಿ, ಕೊನೆಗೆ ಭೂಮಿಯನ್ನೇ ಬಿಟ್ಟು ಹೋಗುತ್ತದೆ. ಗಾಳಿಯ 10 ಲಕ್ಷ ಭಾಗದಲ್ಲಿ ಹೀಲಿಯಂ 5 ಭಾಗದಷ್ಟು ಮಾತ್ರ. ಅಲ್ಲಿಂದ ಮತ್ತೆ ಬೇರ್ಪಡಿಸುವುದು ಯಾರಿಗೂ ಗಿಟ್ಟುವುದಿಲ್ಲ.

ಬಲೂನಿನ ಬಗ್ಗೆ ಒಂದು ಮಾತು. ಜಾತ್ರೆಗಳಲ್ಲಿ ಕೆಲವರು ಸಿಲಿಂಡರಿನಲ್ಲಿ ಕಾಸ್ಟಿಕ್ ಸೋಡಾ, ಅಲ್ಯೂಮಿನಿಯಂ ಚೂರು ಹಾಕಿ ಗ್ಯಾಸ್ ಮಾಡುತ್ತಾರೆ. ಅದು ಹೈಡ್ರೋಜನ್, ಸಿಡಿಯುತ್ತದೆ. ಮಕ್ಕಳನ್ನು ದಯವಿಟ್ಟು ಆ ಸಿಲಿಂಡರಿನ ಹತ್ತಿರ ನಿಲ್ಲಿಸಬೇಡಿ.

ನಮ್ಮ ದೇಶಕ್ಕೆ ಬೇಕಾದ ಹೀಲಿಯಂ ಹೆಚ್ಚುಕಡಿಮೆ ಎಲ್ಲವೂ ಹೊರಗಿನಿಂದ ಬರುತ್ತದೆ. ಅಮೆರಿಕ ಮತ್ತು ಕತಾರ್ ದೊಡ್ಡ ಉತ್ಪಾದಕರು. 2017ರಲ್ಲಿ ನೆರೆಯ ದೇಶಗಳು ಕತಾರಿಗೆ ದಿಗ್ಬಂಧನ ಹಾಕಿದಾಗ ಅಲ್ಲಿನ ಹೀಲಿಯಂ ಘಟಕಗಳೇ ಕೆಲವು ದಿನ ನಿಂತಿದ್ದವು. ಪಶ್ಚಿಮ ಬಂಗಾಳದ ಬಕ್ರೇಶ್ವರದ ಬಿಸಿನೀರಿನ ಬುಗ್ಗೆಗಳ ಅನಿಲದಲ್ಲಿ ಹೀಲಿಯಂ ಇದೆ, ನಮ್ಮ ವಿಜ್ಞಾನಿಗಳು ಅದನ್ನು ಸಂಗ್ರಹಿಸಿಯೂ ನೋಡಿದ್ದಾರೆ. ಆಸ್ಪತ್ರೆಗಳ ಹಸಿವಿಗೆ ಅದು ಸಾಲದು.

ಈಗ ಏಳೇ ಲೀಟರ್ ಹೀಲಿಯಂ ಸಾಕಾಗುವ ಮಷೀನುಗಳು ಬಂದಿವೆ. ಪೂರ್ತಿ ಸೀಲ್ ಆಗಿರುತ್ತವೆ, ಚಾವಣಿಗೆ ಪೈಪ್ ಬೇಕಿಲ್ಲ. ತಾಲ್ಲೂಕು ಆಸ್ಪತ್ರೆಗಳಿಗೆ ಹೇಳಿ ಮಾಡಿಸಿದ ಹಾಗಿವೆ. ಮುಂದಿನ ಸಲ ಕೊಳ್ಳುವಾಗ ಅಂಥದ್ದನ್ನೇ ತೆಗೆದುಕೊಳ್ಳೋಣ ಅಂತ ನಮ್ಮ ಡಾಕ್ಟರಿಗೆ ಹೇಳುತ್ತಲೇ ಇದ್ದೇನೆ. ಅವರು ಕೊಟೇಶನ್ ತರಿಸಿದ್ದಾರೆ.