ಜೇನು ಕೊಡದ ಜೇನು

"ಜೇನು ಕೊಡ್ತಿಲ್ಲೆ ಅಂದ್ಮೇಲೆ ಎಂತಕ್ಕೆ ಬಂತು ತಮಾ ಇದು?"

ಭಾನುವಾರ ಹವಾಯಿಯ ಕಾಏನಾ ಪಾಯಿಂಟಿನಲ್ಲಿ ಮಾವ ಕೇಳಿದ ಈ ಮಾತು ಇನ್ನೂ ಕಿವಿಯಲ್ಲೇ ಕೂತಿದೆ. ಬೇರೆ ಯಾರಾದರೂ ಕೇಳಿದ್ದರೆ ಬಿಟ್ಟುಬಿಡುತ್ತಿದ್ದೆ. ಕೇಳಿದ್ದು ಶಿರಸಿ ಕಡೆ ತುಡುವೆ ಜೇನಿನ ಪೆಟ್ಟಿಗೆ ಸಾಕುತ್ತಲೇ ತಲೆ ಹಣ್ಣಾದವನು.

ಓಆಹು ದ್ವೀಪದ ಪಶ್ಚಿಮ ತುದಿ ಅದು. ದಾರಿ ಬದಿಯ ನೌಪಾಕಾ ಗಿಡದ ಹೂವೇ ವಿಚಿತ್ರ, ಅರ್ಧ ಹರಿದಿಟ್ಟ ಹಾಗೆ ದಳಗಳೆಲ್ಲ ಒಂದೇ ಕಡೆ. ಅದರ ಮೇಲೆ ಪುಟ್ಟ ಕರಿ ಜೇನುಹುಳವೊಂದು ಬಂದು ಕೂತಿತು. ಗಂಡು; ಮುಖದ ಮೇಲೆ ಹಳದಿ ಪಟ್ಟೆ. ಈ ಜಾತಿಯಲ್ಲಿ ಹೆಣ್ಣಿಗೂ ಕಾಲಲ್ಲಿ ಪರಾಗದ ಬುಟ್ಟಿಯಿಲ್ಲ. ಪರಾಗವನ್ನು ನುಂಗಿ ಹೊಟ್ಟೆಯಲ್ಲೇ ಹೊತ್ತು, ಹವಳದ ಕಲ್ಲಿನ ತೂತಿನಲ್ಲಿರುವ ಗೂಡಿಗೆ ಹೋಗಿ ಕಕ್ಕುತ್ತದೆ. ರಾಣಿಯಿಲ್ಲ, ಎರಿಯಿಲ್ಲ, ಒಂಟಿ ಬದುಕು. ಮನುಷ್ಯರು ಹವಾಯಿಗೆ ಸಾಕುಜೇನು ತಂದದ್ದು 1857ರಲ್ಲಿ. ಅದಕ್ಕೂ ಮೊದಲು ಇಲ್ಲಿನ ಹೂಗಳಿಗೆ ಇದ್ದ ಜೇನೆಂದರೆ ಇದರ ಬಳಗದವೇ, 60ಕ್ಕೂ ಹೆಚ್ಚು ಬಗೆ, ಬೇರೆಲ್ಲೂ ಇಲ್ಲದವು. 2016ರಲ್ಲಿ ಅವುಗಳಲ್ಲಿ ಏಳನ್ನು ಅಮೆರಿಕ ಸರ್ಕಾರ ಅಳಿವಿನಂಚಿನ ಪಟ್ಟಿಗೆ ಸೇರಿಸಿತು. ಆ ಪಟ್ಟಿಗೆ ಸೇರಿದ ಮೊದಲ ಜೇನುಗಳೇ ಇವು.

ಇಷ್ಟೆಲ್ಲ ಹೇಳಿದ ಮೇಲೆ ಮಾವ ಕೇಳಿದ್ದು, ಎಂತಕ್ಕೆ ಬಂತು!

1991–92ರಲ್ಲಿ ಜೇನಿನ ಮರಿ ಕೊಲ್ಲುವ ಥಾಯ್ ಸ್ಯಾಕ್‌ಬ್ರೂಡ್ ರೋಗ ಬಂದಾಗ ಇದೇ ಮಾವನ ಪೆಟ್ಟಿಗೆಗಳೆಲ್ಲ ಖಾಲಿಯಾಗಿದ್ದವು. ಕರ್ನಾಟಕದ ತುಡುವೆ ಬಹುಪಾಲು ನಾಶವಾದ ಕಾಲ ಅದು. ಮುಂದೆ ಕಾಡಿನ ಪೊಟರೆಯಲ್ಲಿ ಉಳಿದಿದ್ದ ಕುಟುಂಬ ಹಿಡಿದು ತಂದು ಮತ್ತೆ ಶುರು ಮಾಡಿದ. ಅಂದರೆ ಯಾರ ಲೆಕ್ಕಕ್ಕೂ ಸಿಗದೆ ಮರದೊಳಗಿದ್ದ ಹುಳವೇ ಅವನನ್ನು ಉಳಿಸಿತ್ತು. ಇಲ್ಲಿ ಹಾಗೆ ತರಲು ಇನ್ನೊಂದು ಕಾಡಿಲ್ಲ. ನಾವು ನೋಡಿದ ಜಾತಿ ಪಕ್ಕದ ದ್ವೀಪಗಳಲ್ಲೂ ಇದೆ ಅನ್ನಬಹುದು. ಅದರ ಬಂಧು ಹೈಲೇಯಸ್ ಮಾನಾ ಎಂಬ ಜೇನು ಇರುವುದು ಓಆಹುವಿನಲ್ಲಿ ಮಾತ್ರ, ಅದೂ ಕೂಲಾವ್ ಬೆಟ್ಟದ ಕೋವಾ ಮರಗಳ ಕಾಡಿನ ಒಂದಿಷ್ಟು ಜಾಗದಲ್ಲಿ. ಅಲ್ಲಿ ಅಳಿದರೆ ಮುಗಿಯಿತು.

ಮಾವ ಒಳ್ಳೆಯವನು, ಇರುವೆಯನ್ನೂ ತುಳಿಯದೆ ದಾಟುವವನು. ಆದರೂ ಉಪಯೋಗ ಅನ್ನುವ ತಕ್ಕಡಿ ಅವನ ಕೈಯಲ್ಲೂ ಇದೆಯಲ್ಲ, ಅದೇ ನನಗೆ ಸಂಕಟ. ಕಾಡು, ಹೊಳೆ, ಕೊನೆಗೆ ವಯಸ್ಸಾದ ಮನುಷ್ಯರನ್ನೂ ನಾವು ಅದರಲ್ಲೇ ತೂಗುತ್ತೇವೆ. ಇರುವುದಕ್ಕೇ ಒಂದು ಹಕ್ಕು ಬೇಡವೇ?

ಇರುವೆಯ ಸುದ್ದಿ ಬಂದಾಗ ಮಾತ್ರ ಮಾವ ನಿಂತು ಕೇಳಿದ. ಹವಾಯಿಗೆ ಮೂಲತಃ ಇರುವೆಯೇ ಇರಲಿಲ್ಲ. ಹೊರಗಿಂದ ಬಂದವು ಗೂಡಿಗೆ ನುಗ್ಗಿ ಮರಿ ತಿನ್ನುತ್ತವೆ. ಕಾಏನಾದಲ್ಲಿ ಕಡಲಹಕ್ಕಿಗಳ ರಕ್ಷಣೆಗೆಂದು 2011ರಲ್ಲಿ ಕಟ್ಟಿದ ಬೇಲಿ ಇಲಿಯನ್ನು ತಡೆಯುತ್ತದೆ, ಇರುವೆಯನ್ನಲ್ಲ. ಊರಲ್ಲಾದರೆ ಪೆಟ್ಟಿಗೆಯ ಕಾಲಿಗೆ ನೀರಿನ ಬಟ್ಟಲು ಇಡುತ್ತೇವೆ. ಇಲ್ಲಿನ ಸಂಶೋಧಕರು ತೂತು ಕೊರೆದ ಮರದ ತುಂಡುಗಳನ್ನು ಗೂಡಿಗೆಂದು ಇಟ್ಟು, ಇರುವೆ ಹತ್ತದಂತೆ ಅಂಟು ಸವರಿ ನೋಡಿದ್ದಾರೆ ಅಂದೆ.

"ಕಡಲ ಗಾಳಿಗೆ ಅಂಟಿನ ಮೇಲೆ ಮರಳು ಕೂತ್ರೆ ಇರುವೆಗೆ ಅದೇ ದಾರಿ ಆಗ್ತು. ಆಗಾಗ ಒರೆಸಿ ಬೇರೆ ಹಚ್ಚವು" ಅಂದ ಮಾವ.