ಪಾಸ್‌ವರ್ಡ್ ಬದಲಿಸಿದ ಮೇಲೂ ಸೋರುತ್ತಿದ್ದ ಇ-ಮೇಲ್

ಸಂಸ್ಥೆಯೊಂದರ ಕಂಪ್ಯೂಟರ್ ನಿರ್ವಹಣಾ ವಿಭಾಗದಲ್ಲಿ ನಾನು ಕೆಲಸ ಮಾಡುತ್ತೇನೆ. ಲೆಕ್ಕಪತ್ರ ವಿಭಾಗದ ಹಿರಿಯರೊಬ್ಬರು, ತಮ್ಮ ಸ್ವಂತ ಇ-ಮೇಲ್ ಖಾತೆಗೆ ಯಾರೋ ಬೇರೆ ಊರಿನಿಂದ ಲಾಗಿನ್ ಆಗಿದ್ದಾರೆಂಬ ಎಚ್ಚರಿಕೆ ಬಂದಿದೆಯೆಂದು ಒಂದು ದಿನ ಗಾಬರಿಯಿಂದ ಬಂದರು. ನಮ್ಮ ಇ-ಮೇಲ್ ವಿಳಾಸ ಯಾವ ಮಾಹಿತಿ ಸೋರಿಕೆಯಲ್ಲಿ ಸೇರಿದೆಯೆಂದು ತಿಳಿಸುವ, ಭದ್ರತಾ ತಜ್ಞ ಟ್ರಾಯ್ ಹಂಟ್ ಅವರು 2013ರಲ್ಲಿ ಆರಂಭಿಸಿದ 'ಹ್ಯಾವ್ ಐ ಬೀನ್ ಪೋನ್ಡ್' ತಾಣದಲ್ಲಿ ಅವರ ವಿಳಾಸವನ್ನು ಹಾಕಿ ನೋಡಿದೆವು. ಅವರು ಮರೆತೇಬಿಟ್ಟಿದ್ದ ಹಳೆಯ ತಾಣವೊಂದರ ಸೋರಿಕೆಯಲ್ಲಿ ಅದು ಸೇರಿತ್ತು. ಅಲ್ಲಿ ಇಟ್ಟಿದ್ದ ಪಾಸ್‌ವರ್ಡನ್ನೇ ಇ-ಮೇಲ್‌ಗೂ ಬಳಸಿದ್ದರು.

ಸೋರಿಕೆಯಾದದ್ದು ಆಗಲೇ ತಿಳಿಯುತ್ತದೆಂಬ ಭರವಸೆಯಿಲ್ಲ. 2012ರಲ್ಲಿ ಲಿಂಕ್ಡ್‌ಇನ್‌ನಿಂದ ಕಳುವಾದ 16 ಕೋಟಿಗೂ ಹೆಚ್ಚು ಖಾತೆಗಳ ವಿವರಗಳು ಮಾರಾಟಕ್ಕೆ ಬಂದದ್ದು 2016ರಲ್ಲಿ. ಇಂಥ ಪಟ್ಟಿಗಳಲ್ಲಿರುವ ಇ-ಮೇಲ್ ಮತ್ತು ಪಾಸ್‌ವರ್ಡ್ ಜೋಡಿಗಳನ್ನು ಕಳ್ಳರು ನೂರಾರು ತಾಣಗಳಲ್ಲಿ ಯಂತ್ರದ ಮೂಲಕ ಪ್ರಯತ್ನಿಸುತ್ತಾರೆ. ಒಂದೇ ಪಾಸ್‌ವರ್ಡನ್ನು ಹಲವೆಡೆ ಇಟ್ಟವರ ಖಾತೆಗಳು ತೆರೆದುಕೊಳ್ಳುತ್ತವೆ.

ಅಂದು ನಾನು ಹೊಸ ಪಾಸ್‌ವರ್ಡ್ ಹಾಕಿಸಿ, ಪಾಸ್‌ವರ್ಡ್ ಜೊತೆಗೆ ಇನ್ನೊಂದು ಪುರಾವೆಯನ್ನೂ ಕೇಳುವ ಎರಡು ಹಂತದ ದೃಢೀಕರಣವನ್ನು ಚಾಲನೆ ಮಾಡಿ, ಕೆಲಸ ಮುಗಿಯಿತೆಂದು ಅವರನ್ನು ಕಳುಹಿಸಿದೆ. ಮೂರು ವಾರಗಳ ನಂತರ ಅವರ ಶಾಪಿಂಗ್ ಖಾತೆಯ ಪಾಸ್‌ವರ್ಡನ್ನು ಯಾರೋ ಬದಲಿಸಿದರು. ಇ-ಮೇಲ್‌ನ ಸೆಟ್ಟಿಂಗ್ಸ್ ತೆರೆದು ಒಂದೊಂದಾಗಿ ಪರಿಶೀಲಿಸಿದಾಗ, ಬರುವ ಪ್ರತಿ ಪತ್ರದ ಪ್ರತಿಯೂ ಅಪರಿಚಿತ ವಿಳಾಸವೊಂದಕ್ಕೆ ತಾನಾಗಿ ಹೋಗುವಂತೆ ಫಾರ್ವರ್ಡಿಂಗ್ ವ್ಯವಸ್ಥೆ ಮಾಡಿದ್ದು ಕಂಡಿತು. ಪಾಸ್‌ವರ್ಡ್ ಬದಲಿಸಿದರೆ ಅದು ಅಳಿಯುವುದಿಲ್ಲ. ಹೀಗಾಗಿ ಶಾಪಿಂಗ್ ತಾಣ ಕಳುಹಿಸಿದ ರೀಸೆಟ್ ಲಿಂಕ್, ಕಳ್ಳ ಇ-ಮೇಲ್ ಖಾತೆಯೊಳಗೆ ಬಾರದೆಯೇ ಅವನ ಕೈಸೇರಿತ್ತು. ನನ್ನ ಮೇಲೆ ನಂಬಿಕೆಯಿಟ್ಟು ನಿಶ್ಚಿಂತೆಯಿಂದ ಹೋದವರಿಗೆ ಹಾಗಾಯಿತಲ್ಲ ಎಂಬ ನೋವು ಇಂದಿಗೂ ನನ್ನಲ್ಲಿದೆ.

ಈಗ ಯಾರೇ ಬಂದರೂ ಮೊದಲು ಫಾರ್ವರ್ಡಿಂಗ್ ಮತ್ತು ಫಿಲ್ಟರ್‌ಗಳನ್ನು (ಬರುವ ಪತ್ರಗಳನ್ನು ತಾನಾಗಿ ವಿಂಗಡಿಸುವ ನಿಯಮಗಳನ್ನು) ನೋಡುತ್ತೇನೆ. ಖಾತೆಯ ಮರುಪ್ರಾಪ್ತಿಗೆ ಕೊಟ್ಟ ಫೋನ್ ಸಂಖ್ಯೆ ಅವರದೇ ಎಂದು ಖಚಿತಪಡಿಸಿಕೊಂಡು, ಎಲ್ಲ ಸಾಧನಗಳಿಂದಲೂ ಲಾಗ್‌ಔಟ್ ಮಾಡಿಸುತ್ತೇನೆ. ಹಣ ಹೋಗಿದ್ದರೆ ಇದಕ್ಕೂ ಮುಂಚೆ ಬ್ಯಾಂಕಿಗೆ ಮತ್ತು ಸೈಬರ್ ವಂಚನೆಯ 1930 ಸಹಾಯವಾಣಿಗೆ ಕರೆ ಮಾಡಬೇಕು, ಏಕೆಂದರೆ ತಡವಾದಷ್ಟೂ ಹಣವನ್ನು ತಡೆಹಿಡಿಯುವುದು ಕಷ್ಟ.

ಪ್ರತಿ ಖಾತೆಗೂ ಬೇರೆ ಪಾಸ್‌ವರ್ಡ್ ಇಡಲು, ಅವೆಲ್ಲವನ್ನೂ ನೆನಪಿಟ್ಟುಕೊಳ್ಳುವ ಪಾಸ್‌ವರ್ಡ್ ಮ್ಯಾನೇಜರ್ ತಂತ್ರಾಂಶ ಒಳ್ಳೆಯದು. ಆದರೆ ಆ ಹಿರಿಯರಿಗೆ ಅದು ಒಗ್ಗಲಿಲ್ಲ. ಪುಸ್ತಕದಲ್ಲಿ ಬರೆದು ಬೀರುವಿನಲ್ಲಿಡಿ ಎಂದೆ. ದೂರದ ಊರಿನ ಕಳ್ಳ ಮನೆಯ ಬೀರುವಿನವರೆಗೆ ಬರಲಾರ. ಅವರ ಹದಿನಾಲ್ಕು ಖಾತೆಗಳ ಪಾಸ್‌ವರ್ಡ್‌ಗಳನ್ನು ಬದಲಿಸಲು ನಮಗಿಬ್ಬರಿಗೂ ಎರಡು ದಿನಗಳ ಊಟದ ಬಿಡುವು ಹಿಡಿಯಿತು.